ಕೆಂಪು ಅರಿವೆ

ಅವ್ವನಿಗೆ ಪಿತ್ತಕೋಶದ ಆಪರೇಷನ್ ಆದಾಗ ಗದಗಿನ ಒಂದು ಆಸ್ಪತ್ರೆಯಲ್ಲಿ ಐದು ದಿನ ಇದ್ದೆವು. ಮೂರನೆಯ ದಿನ ಮಧ್ಯಾಹ್ನ ನಾನು ಔಷಧಿ ಅಂಗಡಿಗೆ ಹೋಗಿ ಬರುವಷ್ಟರಲ್ಲಿ ಅವ್ವನಿಗೆ ಎಚ್ಚರಾಗಿತ್ತು. ನೀರಡಿಸಿ ಕೈ ಚಾಚಿದ್ದಳು. ನೀರಿನ ತಂಬಿಗೆ ಪಕ್ಕದ ಕಪಾಟಿನ ಮೇಲೆ, ಕೈಗೆ ಸಿಕ್ಕೂ ಸಿಗದಷ್ಟು ದೂರದಲ್ಲಿತ್ತು. ವಾರ್ಡಿನ ಪಾಯಖಾನೆಯಿಂದ ಆಗಷ್ಟೇ ಹೊರಬಂದ ಸ್ವಚ್ಛತೆಯ ಹೆಣ್ಣುಮಗಳೊಬ್ಬಳು ಬಾಗಿಲಲ್ಲಿ ನಿಂತು ಚಡಪಡಿಸುತ್ತಿದ್ದಳು. ಕೈಯಲ್ಲಿ ಕೆಂಪು ಹಿಡಿಕೆಯ ಮಾಪು, ಕಾಲ ಬಳಿ ಕೆಂಪು ಬಕೆಟ್ಟು.

"ಯವ್ವಾ, ನಾ ಕೆಂಪು ಬಕೆಟ್ಟಿನಾಕಿ ಅದೀನ್ರಿ, ನಾ ಮುಟ್ಟಂಗಿಲ್ರಿ. ತಡೀರಿ, ಸಿಸ್ಟರ್‌ನ ಕರೀತೀನಿ" ಅನ್ನುತ್ತಿದ್ದಳು.

ನಾನು ಹೋಗಿ ನೀರು ಕೊಟ್ಟೆ. ಅಲ್ಲಿಗೆ ಆ ಗಳಿಗೆ ಮುಗಿಯಿತು. ಆಕೆ ಮಾಡಿದ್ದು ನೂರಕ್ಕೆ ನೂರು ಸರಿ. ಪಾಯಖಾನೆ ತೊಳೆದ ಗ್ಲೌಸಿನ ಕೈಯಿಂದ ಹೊಟ್ಟೆಗೆ ಹೊಲಿಗೆ ಹಾಕಿಸಿಕೊಂಡವರ ತಂಬಿಗೆ ಮುಟ್ಟಬಾರದು. ಆದರೂ "ನಾ ಮುಟ್ಟಂಗಿಲ್ರಿ" ಎಂಬ ಮಾತು ರಾತ್ರಿಯಿಡೀ ಕಿವಿಯಲ್ಲಿ ಉಳಿಯಿತು. ಅದೇ ಮಾತನ್ನು, ಬಹುತೇಕ ಅದೇ ದನಿಯಲ್ಲಿ, ನಾನು ಚಿಕ್ಕವನಿದ್ದಾಗ ಕೇಳಿದ್ದೆ. ಆಗ ಯಾರ ಕೈಯಲ್ಲೂ ಬಕೆಟ್ಟು ಇರಲಿಲ್ಲ.

ಬಣ್ಣದ ಈ ಕಟ್ಟಳೆ ಗೊತ್ತಿಲ್ಲದವರಿಗಾಗಿ ಸ್ವಲ್ಪ ಹೇಳಬೇಕು. ಇಂಗ್ಲೆಂಡಿನ ಸರ್ಕಾರಿ ಆಸ್ಪತ್ರೆಗಳಿಗೆ 2007ರಲ್ಲಿ ಒಂದೇ ಬಗೆಯ ಬಣ್ಣದ ನಿಯಮ ಬಂತು. ಪಾಯಖಾನೆ ಮತ್ತು ಬಚ್ಚಲಿಗೆ ಕೆಂಪು, ವಾರ್ಡು-ಕಚೇರಿಯಂಥ ಸಾಮಾನ್ಯ ಜಾಗಕ್ಕೆ ನೀಲಿ, ಅಡುಗೆ ಮತ್ತು ಊಟ ಬಡಿಸುವಲ್ಲಿ ಹಸಿರು, ಸೋಂಕಿನ ರೋಗಿಗಳನ್ನು ಬೇರೆ ಇಡುವ ಖೋಲಿಗೆ ಹಳದಿ. ಮಾಪು, ಬಕೆಟ್ಟು, ಒರೆಸುವ ಅರಿವೆ, ಗ್ಲೌಸು ಎಲ್ಲಕ್ಕೂ ಇದೇ ಲೆಕ್ಕ. ನಮ್ಮಲ್ಲಿ 2015ರಲ್ಲಿ ಕೇಂದ್ರ ಆರೋಗ್ಯ ಇಲಾಖೆ 'ಕಾಯಕಲ್ಪ' ಯೋಜನೆ ತಂದ ಮೇಲೆ ಸರ್ಕಾರಿ ಆಸ್ಪತ್ರೆಗಳ ಸ್ವಚ್ಛತೆಗೆ ಅಂಕ ಬೀಳತೊಡಗಿತು. ಬೇರೆ ಬೇರೆ ಜಾಗಕ್ಕೆ ಬೇರೆ ಬೇರೆ ಮಾಪು, ಮೂರು ಬಕೆಟ್ಟಿನ ಪದ್ಧತಿ ಇವೆಲ್ಲ ನರ್ಸುಗಳ ಬಾಯಲ್ಲಿ ಓಡಾಡುವ ಮಾತಾದವು. ಮೂರು ಬಕೆಟ್ಟು ಅಂದರೆ ಒಂದರಲ್ಲಿ ಸೋಪಿನ ನೀರು, ಒಂದರಲ್ಲಿ ಬರೀ ನೀರು, ಮೂರನೆಯದರಲ್ಲಿ ಸೋಂಕು ಕೊಲ್ಲುವ ದ್ರಾವಣ. ವಾರ್ಡಿನಲ್ಲಿ ಕಸಬರಿಗೆ ಆಡಿಸುವಂತಿಲ್ಲ, ಧೂಳೆದ್ದು ಗಾಯದ ಮೇಲೆ ಕೂರುತ್ತದೆ. ಸ್ವಚ್ಛ ಇರುವ ಕಡೆಯಿಂದ ಹೊಲಸಿರುವ ಕಡೆಗೆ ಒರೆಸುತ್ತ ಹೋಗಬೇಕು, ಹಿಂದಕ್ಕೆ ಬರಬಾರದು.

ಇಷ್ಟೆಲ್ಲ ಯಾಕೆಂದರೆ ಒದ್ದೆ ಅರಿವೆಗಿಂತ ಒಳ್ಳೆಯ ವಾಹನ ಸೂಕ್ಷ್ಮಾಣುವಿಗೆ ಇಲ್ಲ. ಪಾಯಖಾನೆಯ ನಲ್ಲಿ ಒರೆಸಿದ ಅರಿವೆಯಿಂದಲೇ ಮಂಚದ ಪಕ್ಕದ ಮೇಜು ಒರೆಸಿದರೆ, ಮೇಜು ಹೊಳೆಯುತ್ತದೆ. ಕರುಳಿನ ರೋಗ ಆ ಹೊಳಪಿನ ಜೊತೆಗೇ ಬಂದಿರುತ್ತದೆ. ನೋಡಿದವರಿಗೆ ಕಾಣುವುದು ಹೊಳಪು ಮಾತ್ರ.

ಮುದ್ರಣ ಕಾಶಿ ಅನ್ನಿಸಿಕೊಂಡ ಗದಗಿನವರಿಗೆ ಇದನ್ನು ಬಹಳ ಬಿಡಿಸಿ ಹೇಳಬೇಕಿಲ್ಲ. ಆಫ್‌ಸೆಟ್ ಪ್ರೆಸ್ಸಿನಲ್ಲಿ ನೀಲಿ ಶಾಯಿ ಓಡಿದ ರೋಲರನ್ನು ತೊಳೆಯದೆ ಹಳದಿ ಹಚ್ಚಿದರೆ ಲಗ್ನಪತ್ರಿಕೆಯ ಗಣಪತಿ ಹಸಿರಾಗುತ್ತಾನೆ. ಮಾಲಕ ಬೈಯುತ್ತಾನೆ, ಕಾಗದ ರದ್ದಿಗೆ ಹೋಗುತ್ತದೆ, ಹುಡುಗ ಮರುದಿನದಿಂದ ರೋಲರ್ ಸರಿಯಾಗಿ ತೊಳೆಯುತ್ತಾನೆ. ಬೆಟಗೇರಿಯಲ್ಲಿ ನೂಲಿಗೆ ಬಣ್ಣ ಹಾಕುವವರಿಗೂ ಒಂದರ ಹಂಡೆಯಲ್ಲಿ ಇನ್ನೊಂದರ ನೂಲು ಬಿದ್ದರೆ ಏನಾಗುತ್ತದೆಂದು ಗೊತ್ತು. ಶಾಯಿಯ ಬೆರಕೆ ತಾನೇ ಸಾಕ್ಷಿ ಹೇಳುತ್ತದೆ. ಸೂಕ್ಷ್ಮಾಣುವಿಗೆ ಬಣ್ಣವಿಲ್ಲ, ಅದರ ಬೆರಕೆಗೆ ಸಾಕ್ಷಿಯೂ ಇಲ್ಲ, ಹಸಿರು ಗಣಪತಿ ಅಲ್ಲಿ ಯಾರಿಗೂ ಕಾಣುವುದಿಲ್ಲ. ಹೀಗಾಗಿ ಕಾಣದ್ದಕ್ಕೆ ನಾವೇ ಒಂದು ಬಣ್ಣ ಹಚ್ಚಿಕೊಂಡೆವು.

ಆ ಬಣ್ಣಕ್ಕೆ ತನ್ನದೇ ಅರ್ಥವೇನೂ ಇಲ್ಲ ಅನ್ನುವುದನ್ನು ಗಮನಿಸಬೇಕು. ಅದೇ ಆಸ್ಪತ್ರೆಯ ಅದೇ ಕಾರಿಡಾರಿನಲ್ಲಿ 2016ರ ಜೈವಿಕ ವೈದ್ಯಕೀಯ ತ್ಯಾಜ್ಯ ನಿಯಮದ ಪ್ರಕಾರ ಇನ್ನೊಂದು ಕೆಂಪು ಇರುತ್ತದೆ. ಆ ಕೆಂಪು ಚೀಲ ಸಲಾಯಿನ್ ನಳಿಗೆಯಂಥ ಪ್ಲಾಸ್ಟಿಕ್ಕಿಗೆ. ರಕ್ತ ಮೆತ್ತಿದ ಬ್ಯಾಂಡೇಜು ಹಳದಿ ಚೀಲಕ್ಕೆ. ಹೊರಗೆ ನಗರಸಭೆಯ ಗಾಡಿಯಲ್ಲಿ ಹಸಿರು ಅಂದರೆ ಹಸಿ ಕಸ, ಒಳಗೆ ಹಸಿರು ಅಂದರೆ ಅಡುಗೆಮನೆ. ಕೆಂಪು-ಹಸಿರಿನ ಭೇದ ಕಾಣದ ಗಂಡಸರು ನೂರರಲ್ಲಿ ಕೆಲವರಾದರೂ ಇರುತ್ತಾರಾದ್ದರಿಂದ ಬಕೆಟ್ಟಿನ ಮೇಲೆ ಅಕ್ಷರವನ್ನೂ ಬರೆಯುವುದು ಜಾಣತನ. ಒಟ್ಟಿನಲ್ಲಿ ಇದು ನಾಲ್ಕು ಜನ ಕೂತು ಮಾಡಿಕೊಂಡ ಒಪ್ಪಂದ. ನಾಳೆ ಕೂತು ಬದಲಿಸಬಹುದು.

ಈಗ ಚಿಕ್ಕಂದಿನಲ್ಲಿ ಕೇಳಿದ ಮಾತಿಗೆ ಬರುತ್ತೇನೆ. ನಮ್ಮದು ಶಿರಹಟ್ಟಿ ಸೀಮೆಯ ಹಳ್ಳಿ. ಲಕ್ಷ್ಮೇಶ್ವರದ ಸಂತೆಗೆ ಹೋಗುವ ರಸ್ತೆಗೆ ಹತ್ತಿ ಒಂದು ಚಹಾದ ಅಂಗಡಿ ಇತ್ತು. ಅಂಗಡಿಯ ಒಳಗೆ ಗಾಜಿನ ಲೋಟ ಸಾಲಾಗಿ ಬೋರಲು ಹಾಕಿರುತ್ತಿದ್ದರು. ಹೊರಗಡೆ ಗೋಡೆಯ ಗೂಡಿನಲ್ಲಿ ಇನ್ನು ಮೂರು ಲೋಟ ಇರುತ್ತಿದ್ದವು. ಅವೂ ಗಾಜಿನವೇ, ಅದೇ ಅಳತೆಯವು. ಒಮ್ಮೆ ನಮ್ಮ ಹೊಲಕ್ಕೆ ಬರುತ್ತಿದ್ದ ಅಜ್ಜನೊಬ್ಬ ಚಹಾ ಕುಡಿದು, ಲೋಟ ತೊಳೆದು ಗೂಡಿನಲ್ಲಿಡುವಾಗ ನಾನು ಒಳಗಿನ ಲೋಟವೊಂದನ್ನು ಆತನ ಕೈಗೆ ಕೊಡಲು ಹೋದೆ. "ಬ್ಯಾಡಪ್ಪಾ, ನಾ ಅದನ್ನ ಮುಟ್ಟಂಗಿಲ್ಲ" ಅಂದ. ಯಾಕೆ ಅಂದೆ. ಉತ್ತರ ಕೊಡಲಿಲ್ಲ, ಅಂಗಡಿಯವನೂ ಕೊಡಲಿಲ್ಲ. ಅಸ್ಪೃಶ್ಯತೆಯನ್ನು ಸಂವಿಧಾನದ 17ನೆಯ ವಿಧಿ ರದ್ದು ಮಾಡಿ ಆಗಲೇ ಎಷ್ಟೋ ವರ್ಷಗಳಾಗಿದ್ದವು ಎಂಬುದು ನನಗೆ ಹೈಸ್ಕೂಲಿನಲ್ಲಿ ಗೊತ್ತಾಯಿತು.

ಲೋಟಕ್ಕೆ ಬಣ್ಣ ಹಚ್ಚಿರಲಿಲ್ಲ, ಇಡುವ ಜಾಗವೇ ಗುರುತಾಗಿತ್ತು. ಅಲ್ಲೂ ಒಂದು ಕಾಣದ ಸಂಗತಿ ಇದೆಯೆಂದು ಹೇಳಿ ಅದಕ್ಕೊಂದು ಕಾಣುವ ಗುರುತು ಹಚ್ಚಿದ್ದರು. ಹಾಗೆ ನೋಡಿದರೆ ಗೂಡಿನ ಲೋಟಕ್ಕೂ ಕೆಂಪು ಬಕೆಟ್ಟಿಗೂ ಮೇಲುನೋಟಕ್ಕೆ ಒಂದೇ ಮೈಕಟ್ಟು. ಎರಡೂ 'ಇದು ಅದಕ್ಕೆ ತಾಗಬಾರದು' ಅನ್ನುತ್ತವೆ. ಈ ಹೋಲಿಕೆಯೇ ನನ್ನನ್ನು ಆಸ್ಪತ್ರೆಯ ರಾತ್ರಿ ಕಾಡಿದ್ದು.

ನಮ್ಮ ಅಮ್ಮ, ಅಂದರೆ ಅಪ್ಪನ ತಾಯಿ, ಮಡಿಯ ಹೆಂಗಸು. ಆಕೆಯ ಮನೆಯಲ್ಲಿ ಬಣ್ಣವಿಲ್ಲದ ಒಂದು ದೊಡ್ಡ ಕಟ್ಟಳೆಯೇ ಇತ್ತು. ಅಡುಗೆಮನೆಯ ಕಸಬರಿಗೆ ಅಂಗಳಕ್ಕೆ ಬರಬಾರದು, ಅಂಗಳದ್ದು ದನದ ಕೊಟ್ಟಿಗೆಗೆ ಹೋಗಬಾರದು. ಹೊರಕಡೆಗೆ ಒಯ್ಯುವ ಚರಿಗೆ ಬೇರೆ, ಕುಡಿಯುವ ತಂಬಿಗೆ ಬೇರೆ. ಚರಿಗೆ ತಪ್ಪಿ ಒಲೆಯ ಕಡೆ ಬಂದರೆ ಮನೆ ಹಾರಿಹೋಗುವಂತೆ ಕೂಗುತ್ತಿದ್ದಳು. ತುಟಿ ತಾಗಿಸದೆ ಎತ್ತಿ ನೀರು ಕುಡಿಯಬೇಕು. ಇವೆಲ್ಲ ಒಳ್ಳೆಯವೇ, ಇವತ್ತಿನ ಯಾವ ನರ್ಸೂ ತಕರಾರು ಮಾಡುವುದಿಲ್ಲ. ಆದರೆ ಅದೇ ಅಮ್ಮ ಮುಡಚಟ್ಟಾದ ಸೊಸೆಯನ್ನು ಮೂರು ದಿನ ಹೊರಗೆ ಕೂಡಿಸುತ್ತಿದ್ದಳು, ಹೊಲದ ಆಳಿಗೆ ಮೇಲಿನಿಂದ ರೊಟ್ಟಿ ಬೀಳಿಸುತ್ತಿದ್ದಳು, ರೇಷ್ಮೆ ಸೀರೆಗೆ ಮೈಲಿಗೆಯೇ ಇಲ್ಲ ಅನ್ನುತ್ತಿದ್ದಳು. ಚರಿಗೆಯ ಕೂಗೂ ರೊಟ್ಟಿ ಬೀಳಿಸುವ ಕೈಯೂ ಒಂದೇ ಹೆಂಗಸಿನವು. ಆಕೆಗೆ ಅವೆರಡೂ ಒಂದೇ ಧರ್ಮ.

2020ರ ಲಾಕ್‌ಡೌನಿನಲ್ಲಿ ನಮ್ಮ ಬೀಗರ ವಾಟ್ಸಾಪ್ ಗುಂಪಿನಲ್ಲಿ ದಿನಕ್ಕೊಂದು ಸಂದೇಶ ಬರುತ್ತಿತ್ತು: ದೂರ ನಿಲ್ಲುವುದು, ಮುಟ್ಟದಿರುವುದು, ಹೊರಗಿನಿಂದ ಬಂದರೆ ಮೀಯುವುದು, ನೋಡಿ, ಹಿರಿಯರ ಮಡಿಯೆಲ್ಲ ವಿಜ್ಞಾನವೇ ಆಗಿತ್ತು. ಓದಿದವರೇ ಇದನ್ನು ಹೆಚ್ಚು ಹಂಚಿದರು. ಆಗ ನಾನು ಸುಮ್ಮನಿದ್ದೆ. ಸಿಟ್ಟಿತ್ತು, ಉತ್ತರ ಹೊಳೆದಿರಲಿಲ್ಲ. ಆಸ್ಪತ್ರೆಯ ಕಾರಿಡಾರಿನಲ್ಲಿ ಕೂತು ಮಾಪುಗಳನ್ನು ನೋಡುತ್ತಿದ್ದಾಗ ಅರ್ಧ ಉತ್ತರ ಸಿಕ್ಕಿತು.

ಕೆಂಪು ಬಕೆಟ್ಟು ಕೇಳುವ ಪ್ರಶ್ನೆ: ಈ ಅರಿವೆ ಎಲ್ಲಿಗೆ ಹೋಗಿತ್ತು? ಗೂಡಿನ ಲೋಟ ಕೇಳುವ ಪ್ರಶ್ನೆ: ಈ ಕೈ ಯಾರದು? ಮೊದಲನೆಯದಕ್ಕೆ ಒಂದು ಕೊನೆಯಿದೆ. ಅರಿವೆಯನ್ನು ಬಿಸಿನೀರಿನಲ್ಲಿ ಒಗೆದು ಬಿಸಿಲಿಗೆ ಹರವಿದರೆ, ಗ್ಲೌಸು ತೆಗೆದು ಮೊಣಕೈವರೆಗೆ ಸೋಪು ಹಚ್ಚಿ ತೊಳೆದರೆ ಆ ಮೈಲಿಗೆ ಮುಗಿಯಿತು. ಅನುಮಾನವಿದ್ದರೆ ಪ್ರಯೋಗಾಲಯದಲ್ಲಿ ಪರೀಕ್ಷೆ ಮಾಡಿಸಿ ನೋಡಬಹುದು. ಎರಡನೆಯದಕ್ಕೆ ಯಾವ ಸೋಪೂ ಇಲ್ಲ. ಚಹಾದಂಗಡಿಯ ಅಜ್ಜ ಲೋಟವನ್ನು ಬೂದಿ ಹಚ್ಚಿ ಅಂಗಡಿಯವನಿಗಿಂತ ಚಂದ ತೊಳೆದಿಡುತ್ತಿದ್ದ. ಇನ್ನೊಂದು ಸಂಗತಿ. ಆಸ್ಪತ್ರೆಯಲ್ಲಿ ದೊಡ್ಡ ಡಾಕ್ಟರ ಖೋಲಿಯ ಬಚ್ಚಲಿಗೂ ಕೆಂಪು ಮಾಪೇ. ಅವರ ಬಚ್ಚಲು ಮಾತ್ರ ನೀಲಿ ಆಗುವುದಿಲ್ಲ. ಅಮ್ಮನ ಲೆಕ್ಕದಲ್ಲಿ ಮೈಲಿಗೆ ಯಾವತ್ತೂ ಕೆಳಗಿನವರಿಂದ ಮೇಲಿನವರಿಗೆ ಅಂಟುತ್ತಿತ್ತೇ ಹೊರತು ನಮ್ಮಿಂದ ಇನ್ನೊಬ್ಬರಿಗೆ ಹತ್ತಬಹುದು ಎಂಬುದು ಆ ಮನೆಯಲ್ಲಿ ಯಾರ ತಲೆಗೂ ಬಂದಿರಲಿಲ್ಲ.

ಆ ಮಾತು ತಲೆಗೆ ಬಂದಾಗ ಏನಾಗುತ್ತದೆ ಎಂಬುದಕ್ಕೆ ವಿಯೆನ್ನಾದ ಕಥೆಯಿದೆ. 1847ರಲ್ಲಿ ಅಲ್ಲಿನ ದೊಡ್ಡ ಆಸ್ಪತ್ರೆಯಲ್ಲಿ ಎರಡು ಹೆರಿಗೆ ವಿಭಾಗಗಳಿದ್ದವು. ಒಂದರಲ್ಲಿ ಡಾಕ್ಟರರು ಮತ್ತು ವೈದ್ಯ ವಿದ್ಯಾರ್ಥಿಗಳು, ಇನ್ನೊಂದರಲ್ಲಿ ಸೂಲಗಿತ್ತಿಯರು. ಬಾಣಂತಿ ಜ್ವರದಿಂದ ಸಾಯುವವರು ಡಾಕ್ಟರರ ವಿಭಾಗದಲ್ಲೇ ಹೆಚ್ಚು. ಅಲ್ಲಿ ಸೇರಿಸಬೇಡಿ ಎಂದು ಬಸುರಿಯರು ಅತ್ತು ಬೇಡಿಕೊಳ್ಳುತ್ತಿದ್ದರು. ಇಗ್ನಾಜ್ ಸೆಮ್ಮೆಲ್‌ವೈಸ್ ಎಂಬ ಹಂಗೇರಿಯ ಯುವ ವೈದ್ಯ ಕಾರಣ ಹುಡುಕಿದ. ಡಾಕ್ಟರರು ಬೆಳಿಗ್ಗೆ ಹೆಣ ಕೊಯ್ದು ಅದೇ ಕೈಯಲ್ಲಿ ಹೆರಿಗೆ ಮಾಡಿಸಲು ಬರುತ್ತಿದ್ದರು, ಸೂಲಗಿತ್ತಿಯರು ಹೆಣ ಮುಟ್ಟುತ್ತಿರಲಿಲ್ಲ. ಕ್ಲೋರಿನ್ ಸುಣ್ಣದ ನೀರಿನಲ್ಲಿ ಕೈ ತೊಳೆದೇ ಒಳಗೆ ಬರಬೇಕೆಂದು ಆತ ಮೇ ತಿಂಗಳಲ್ಲಿ ಹಟ ಹಿಡಿದ. ಏಪ್ರಿಲ್‌ನಲ್ಲಿ ನೂರಕ್ಕೆ 18 ಬಾಣಂತಿಯರು ಸತ್ತಿದ್ದರೆ ಜೂನ್ ಹೊತ್ತಿಗೆ ಅದು ನೂರಕ್ಕೆ 2ರ ಆಸುಪಾಸಿಗೆ ಇಳಿಯಿತು. ಆದರೂ ದೊಡ್ಡ ದೊಡ್ಡ ವೈದ್ಯರು ಒಪ್ಪಲಿಲ್ಲ. ತಮ್ಮ ಕೈ ಸಾವನ್ನು ಹೊತ್ತು ತರುತ್ತಿದೆ ಎಂಬ ಮಾತು ಅವರಿಗೆ ನುಂಗಲಾಗದ ತುತ್ತಾಯಿತು. ಸೆಮ್ಮೆಲ್‌ವೈಸ್ ಕೆಲಸ ಕಳೆದುಕೊಂಡ, 1865ರಲ್ಲಿ ಹುಚ್ಚಾಸ್ಪತ್ರೆಯಲ್ಲಿ ಸತ್ತ. ಹೊಲಸು ಅಂತಸ್ತು ನೋಡುವುದಿಲ್ಲ ಎಂದು ಮೊದಲು ತೋರಿಸಿಕೊಟ್ಟವರಲ್ಲಿ ಆತನೊಬ್ಬ. ಇವತ್ತಿನ ನಾಲ್ಕು ಬಣ್ಣದ ಬಕೆಟ್ಟುಗಳು ಅದೇ ತಿಳಿವಳಿಕೆಯ ವಂಶದವು. ಅಮ್ಮನ ಮಡಿಗೆ ಆ ವಂಶದಲ್ಲಿ ಜಾಗ ಕೊಡುವುದು ನನ್ನಿಂದ ಆಗದು, ಆಕೆಯ ಮೇಲಿನ ಪ್ರೀತಿಯನ್ನೆಲ್ಲ ಇಟ್ಟುಕೊಂಡೂ.

ಇಷ್ಟಕ್ಕೆ ನಿಂತಿದ್ದರೆ ನನಗೂ ಸಮಾಧಾನವಿರುತ್ತಿತ್ತು. ನಾಲ್ಕನೆಯ ದಿನ ಆ ಹೆಣ್ಣುಮಗಳು ಮೆಟ್ಟಿಲ ಬಳಿ ಬುತ್ತಿ ಬಿಚ್ಚಿ ಕೂತಿದ್ದಳು. ಮುಂಡರಗಿ ಕಡೆಯ ಹಳ್ಳಿಯವಳು, ದಿನಾ ಬಸ್ಸಿನಲ್ಲಿ ಬಂದು ಹೋಗುತ್ತಾಳೆ. ಬಣ್ಣದ ಲೆಕ್ಕವನ್ನು ನನಗೆ ಬಿಡಿಸಿ ಹೇಳಿದವಳೇ ಆಕೆ. ಯಾವ ದ್ರಾವಣಕ್ಕೆ ಎಷ್ಟು ನೀರು, ಮಾಪನ್ನು ತಲೆ ಮೇಲಾಗಿ ಒಣಗಿಸಬೇಕು ಯಾಕೆ, ಕೆಂಪು ಅರಿವೆಯನ್ನು ನೀಲಿಯ ಜೊತೆ ಒಗೆಯಬಾರದು ಯಾಕೆ, ಎಲ್ಲ ಬಾಯಿಪಾಠ. ನಾನು ಕೇಳಿಯೇಬಿಟ್ಟೆ: "ಅಕ್ಕಾ, ನಿನ್ನೆ ಅವ್ವಗ ನೀರು ಕೊಡಲಿಲ್ಲಲ್ಲ, ಅದು ರೂಲ್ಸಿಗೋ, ಇಲ್ಲಾ..." ಮಾತು ಮುಗಿಸಲು ನನಗೆ ನಾಚಿಕೆಯಾಯಿತು.

ಆಕೆ ನಕ್ಕಳು. "ಎರಡೂ ಐತಿ ತಗೋರಿ. ರೂಲ್ಸು ಬಂದಿಂದ ಚೊಲೋನ ಆತು. ಮದ್ಲ ಹೇಳಾಕ ಬರ್ತಿದ್ದಿಲ್ಲ, ಈಗ ಬಕೆಟ್ ತೋರಸ್ತೀನಿ."

ಕೆಂಪು ಯಾವಾಗಲೂ ನಿನಗೇ ಯಾಕೆ, ಪಾಳಿ ಬದಲಾಗುವುದಿಲ್ಲವೇ ಅಂದೆ. ನೀಲಿ ಹಿಡಿಯುವವರು ಬೇರೆ ಮಂದಿ, ಹಸಿರಂತೂ ಅಡಿಗೆಯವರದು, ನಮ್ಮ ಕೇರಿಯಿಂದ ಬಂದ ಮೂವರಿಗೂ ಕೆಂಪೇ ಅಂದಳು. ಗುತ್ತಿಗೆಯ ಮೇಸ್ತ್ರಿ ಹಂಚಿದ್ದು. ಯಾರೂ ಜಾತಿ ಕೇಳಿರಲಿಲ್ಲವಂತೆ. ಕೇಳುವ ಅಗತ್ಯ ಬಿದ್ದಿರಲಿಲ್ಲ.

ಅವಳ 'ಎರಡೂ' ಎಂಬ ಮಾತು ನನ್ನ ಅರ್ಧ ಉತ್ತರವನ್ನು ತಲೆಕೆಳಗು ಮಾಡಿತು. ಅರಿವೆ ಎಲ್ಲಿಗೆ ಹೋಗಿತ್ತು ಎಂದು ಮಾತ್ರ ಕೇಳುವ ನಿಯಮ ಸರಿಯಾದದ್ದೇ. ಆದರೆ ಆ ಅರಿವೆಯನ್ನು ಯಾರಾದರೂ ಹಿಡಿಯಬೇಕಲ್ಲ. ಹಿಡಿಯುವ ಕೈಯನ್ನು ನಿಯಮ ಬರುವುದಕ್ಕಿಂತ ನೂರಾರು ವರ್ಷ ಮೊದಲೇ ಆರಿಸಿ ಇಟ್ಟಾಗಿತ್ತು. ನಿಯಮ ಬಂದು ಆ ಕೈಗೆ ಒಂದು ಬಣ್ಣ ಕೊಟ್ಟಿತು. ವಾರ್ಡಿನಲ್ಲಿ ಆಕೆಯನ್ನು ಹೆಸರು ಹಿಡಿದು ಕರೆದದ್ದನ್ನು ನಾನು ಐದು ದಿನದಲ್ಲಿ ಕೇಳಲಿಲ್ಲ. "ಏ ಕೆಂಪು ಬಕೆಟ್" ಅನ್ನುವುದನ್ನು ಹತ್ತು ಸಲ ಕೇಳಿದೆ. ವಸ್ತುವಿಗೆ ಹಚ್ಚಿದ ಬಣ್ಣ ಮನುಷ್ಯಳಿಗೆ ಹತ್ತಿಬಿಟ್ಟಿತ್ತು. ಬೆರಕೆ ತಡೆಯಲು ಬಂದ ಪದ್ಧತಿಯಲ್ಲೇ ಈ ಬೆರಕೆ ಆಗಿತ್ತು, ಅದನ್ನು ತೊಳೆಯಲು ಮಾತ್ರ ನಾಲ್ಕನೆಯ ಬಕೆಟ್ಟು ಇರಲಿಲ್ಲ.

ಲಕ್ಷ್ಮೇಶ್ವರದ ನೆರೆಯ ಸವಣೂರಿನಲ್ಲಿ 2010ರ ಜುಲೈಯಲ್ಲಿ ನಡೆದದ್ದು ಈ ಭಾಗದವರು ಮರೆಯುವಂಥದ್ದಲ್ಲ. ತಲೆಮಾರುಗಳಿಂದ ಊರಿನ ಪಾಯಖಾನೆ ಬಳಿದುಕೊಂಡು ಬಂದ ಭಂಗಿ ಸಮುದಾಯದವರು, ತಾವಿದ್ದ ಜಾಗದಿಂದ ಎಬ್ಬಿಸಲು ಹೊರಟಾಗ, ಪುರಸಭೆಯ ಎದುರು ಮಲವನ್ನು ಮೈಮೇಲೆ ಸುರಿದುಕೊಂಡರು. ಅವತ್ತು ಟಿವಿಯ ಮುಂದೆ ಕೂತವರೆಲ್ಲ ಮೂಗು ಮುಚ್ಚಿಕೊಂಡರು. ಊರು ಕಾಣದಂತೆ ಅವರ ಮೈಮೇಲೆ ದಿನವೂ ಹಾಕುತ್ತ ಬಂದದ್ದನ್ನು ಅವರು ಕಾಣುವಂತೆ ಮಾಡಿದ್ದರು, ಅಷ್ಟೇ. ಮಲ ಹೊರುವುದನ್ನು ಕರ್ನಾಟಕದಲ್ಲಿ ಬಿ. ಬಸವಲಿಂಗಪ್ಪನವರು ಪೌರಾಡಳಿತ ಸಚಿವರಾಗಿ 1970ರ ದಶಕದಲ್ಲೇ ನಿಲ್ಲಿಸಿದ್ದರು. ದೇಶಕ್ಕೆಲ್ಲ 1993ರಲ್ಲೊಂದು ಕಾಯ್ದೆ, ಅದು ಸಾಲದೆಂದು 2013ರಲ್ಲಿ ಇನ್ನೊಂದು ಕಾಯ್ದೆ ಬಂತು.

ಇಂಥ ಕಡೆ ನಮ್ಮವರು ಥಟ್ಟನೆ ಕಾಯಕದ ಮಾತು ತೆಗೆಯುತ್ತಾರೆ. ಕಸಗುಡಿಸುವ ಕಾಯಕದ ಸತ್ಯಕ್ಕ ವಚನಕಾರ್ತಿಯಾದದ್ದು ಈ ನೆಲದಲ್ಲೇ, ನಿಜ. ಆದರೆ ಸತ್ಯಕ್ಕನ ಹೆಸರು ನಮಗೆ ಗೊತ್ತಿದೆ ಎಂಬುದೇ ವ್ಯತ್ಯಾಸ. ತಾನು ಮಾಡದ ಕೆಲಸವನ್ನು ಪವಿತ್ರ ಎಂದು ಹೊಗಳಿ ಮಾಡುವವರನ್ನು ಅಲ್ಲೇ ಕೂಡಿಸುವುದು ಎಂಥ ಕ್ರೌರ್ಯ ಎಂಬುದನ್ನು ಅಂಬೇಡ್ಕರ್ ಗಾಂಧಿಯವರಿಗೇ ಹೇಳಿದ್ದರು. ಆ ಅಕ್ಕನಿಗೆ ಬೇಕಾದದ್ದು ಹೊಗಳಿಕೆಯಲ್ಲ. ವಾರಕ್ಕೊಮ್ಮೆ ಪಾಳಿ ಬದಲಾಗಬೇಕು, ಹರಿಯದ ಗ್ಲೌಸು ಬೇಕು, ತಿಂಗಳ ಮೊದಲ ವಾರ ಪಗಾರ ಬೇಕು, ಕೈ ತೊಳೆಯಲು ಬೇಕಾದಷ್ಟು ನೀರು ಬೇಕು. ನೀರಿನ ಮಾತು ಗದಗ-ಬೆಟಗೇರಿಯವರಿಗೆ ಬಿಡಿಸಿ ಹೇಳಬೇಕೇ? ನಲ್ಲಿ ಯಾವತ್ತು ಬರುತ್ತದೆಂದು ಕಾದು ಬ್ಯಾರಲ್ ತುಂಬಿಸುವ ಊರಿನಲ್ಲಿ ಮೂರು ಬಕೆಟ್ಟಿನ ನೀರನ್ನು ಗಳಿಗೆಗೊಮ್ಮೆ ಬದಲಿಸು ಅನ್ನುವುದು ಸುಲಭ. ನೀರು ಸಾಲದಾದಾಗ ಬಣ್ಣ ಉಳಿಯುತ್ತದೆ, ಸ್ವಚ್ಛತೆ ಹೋಗುತ್ತದೆ.

ಒಂದು ವಾದವಿದೆ. ಪಾಳಿ ಬದಲಿಸಿದರೆ ಕೈ ಬದಲಾಗಿ ತಪ್ಪು ಹೆಚ್ಚುತ್ತದೆ, ಒಬ್ಬರೇ ಒಂದೇ ಬಣ್ಣ ಹಿಡಿದರೆ ಬೆರಕೆ ಕಡಿಮೆ, ರೋಗಿಗೆ ಅದೇ ಕ್ಷೇಮ. ಅಲ್ಲಿನ ಮೇಲ್ವಿಚಾರಕರೊಬ್ಬರು ನನಗೆ ಹೇಳಿದ್ದು ಇದನ್ನೇ. ತಳ್ಳಿಹಾಕುವಂಥ ಮಾತಲ್ಲ, ನನ್ನ ಅವ್ವನೇ ಮಂಚದ ಮೇಲಿದ್ದಳು. ಒಂದು ಪಾಳಿಯ ಎಂಟು ಗಂಟೆ ಒಬ್ಬರ ಕೈಯಲ್ಲಿ ಒಂದೇ ಬಣ್ಣವಿರಲಿ, ಸರಿ. ಹಾಗೆಂದು ಇಡೀ ಜನ್ಮ ಇರಬೇಕೇ? ಎಂಟು ಗಂಟೆಗೆ ಕಾರಣ ಸೋಂಕು. ಜನ್ಮಕ್ಕೆ ಕಾರಣ ಬೇರೆ.

ಅವ್ವನನ್ನು ಊರಿಗೆ ಕರೆತಂದೆ. ಹೊಲಿಗೆ ಮಾಗುವವರೆಗೆ ಬಗ್ಗುವಂತಿರಲಿಲ್ಲ. ಆಸ್ಪತ್ರೆಯಲ್ಲಿ ಕಂಡದ್ದು ಆಕೆಗೆ ಬಹಳ ಹಿಡಿಸಿತ್ತು, ನಾಲ್ಕು ಬಣ್ಣದ ಅರಿವೆ ತರಿಸಿದಳು. ಬಚ್ಚಲ ಗೋಡೆಗೆ ನಾಲ್ಕು ಮೊಳೆ ಹೊಡೆಸಿ ಒಂದೊಂದಕ್ಕೂ ಒಂದೊಂದು ನೇತುಹಾಕಿಸಿದಳು. ಪಾತ್ರೆ ತಿಕ್ಕಲು ಬರುವವಳು ನೀಲಿ ಮತ್ತು ಹಸಿರು ತೆಗೆದುಕೊಂಡಳು, ಕೆಂಪಿನ ಕಡೆ ನೋಡಲಿಲ್ಲ. ಅವಳದೂ ಒಂದು ಜಾತಿಯಿದೆ. ಹತ್ತು-ಹನ್ನೆರಡು ದಿನ ಕೆಂಪು ಅರಿವೆ ಅಂಗಡಿಯ ಮಡಿಕೆ ಹಾಗೇ ಉಳಿಸಿಕೊಂಡು ಮೊಳೆಯ ಮೇಲಿತ್ತು. ಪಾಯಖಾನೆ ತೊಳೆಯಲು ಯಾರನ್ನಾದರೂ ಕರೆಸಬೇಕೆಂದು ಅವ್ವ ಅನ್ನುತ್ತಿದ್ದಳು, ನಾನು ಹ್ಞೂಂ ಅನ್ನುತ್ತಿದ್ದೆ. ಯಾರನ್ನು ಎಂದು ಇಬ್ಬರೂ ಬಾಯಿಬಿಟ್ಟು ಹೇಳಲಿಲ್ಲ.

ಒಂದು ಭಾನುವಾರ ನಾನೇ ಅದನ್ನು ಮೊಳೆಯಿಂದ ತೆಗೆದೆ. ನಲವತ್ತು ದಾಟಿದ ಮೇಲೆ ಮೊದಲ ಸಲ. ಅರ್ಧ ತಾಸು ತಿಕ್ಕಿ ತೊಳೆದು ಬೆವೆತು ಹೊರಬಂದು ಅರಿವೆಯನ್ನು ಬಕೆಟ್ಟಿನಲ್ಲಿ ಅದ್ದಿ ಹಿಂಡುತ್ತಿದ್ದೆ. ಪಡಸಾಲೆಯ ಮಂಚದಿಂದಲೇ ಅವ್ವ ಕೂಗಿದಳು:

"ಅಯ್ಯ ನಿನ್ನ, ಕೆಂಪು ಅರಿವಿ ನೀಲಿ ಬಕೆಟ್ನ್ಯಾಗ ಹಿಂಡಾಕತ್ತೀಯಲ್ಲೋ! ಆ ಹೆಣಮಗಳು ಅಷ್ಟು ಹೇಳಿದ್ದು ಕೇಳಿದಿಲ್ಲೇನು?"